ತೂಕದ ಮಷಿನ್ ಕೇಬಲ್ಲೂ ಕಾಣೆಯಾದ ನ್ಯೂಡೆವ್ ಫೈಲೂ

ಮೇ ತಿಂಗಳ ಒಂದು ಸಂಜೆ ಸಿಡಿಲು ಬಡಿದು ಸಾಗರದ ಅಡಿಕೆ ಮಂಡಿಯೊಂದರ ಕೇಬಲ್ ಸುಟ್ಟುಹೋಯಿತು. ತೂಕದ ಮಷಿನ್‌ನಿಂದ ಕಂಪ್ಯೂಟರ್‌ಗೆ ತೂಕ ಕಳಿಸುವ ಯುಎಸ್‌ಬಿ-ಸೀರಿಯಲ್ ಕೇಬಲ್ ಅದು. ಹೊಸದು ತಂದು ಚುಚ್ಚಿದರೆ ಕಂಪ್ಯೂಟರ್ ಗುರುತೇ ಹಿಡಿಯಲಿಲ್ಲ. ಮೂರು ದಿನ ಕೈಯಲ್ಲೇ ಚೀಟಿ ಬರೆದು ಸಾಕಾಗಿ ಯಜಮಾನರು ನನಗೆ ಫೋನ್ ಮಾಡಿದರು. "ಕೇಬಲ್ ಹೊಸದು ಮಾರಾಯಾ, ಕಂಪ್ಯೂಟರ್‌ಗೇ ಏನೋ ಆಗಿದೆ. ಒಂದ್ಸಲ ಬಂದು ನೋಡು."

ವಿಂಡೋಸ್ 10 ಇರುವ ಹಳೇ ಕಂಪ್ಯೂಟರ್. ಜೋಡಿಸಿದ ಸಾಧನಗಳ ಪಟ್ಟಿ ತೋರಿಸುವ ಡಿವೈಸ್ ಮ್ಯಾನೇಜರ್ ತೆರೆದೆ. ಹಳದಿ ತ್ರಿಕೋನ, ಕೋಡ್ 28. ಅಂದ್ರೆ ಕೇಬಲ್ ಜೊತೆ ಮಾತಾಡಲು ವಿಂಡೋಸ್‌ಗೆ ಬೇಕಾದ ಸಾಫ್ಟ್‌ವೇರ್, ಅದೇ ಡ್ರೈವರ್, ಇಲ್ಲ, ಅಷ್ಟೇ. ಹಾರ್ಡ್‌ವೇರ್ ಐಡಿಯಲ್ಲಿ 1ಎ86, 7523 ಅಂತ ಇತ್ತು. ಕೇಬಲ್ ಒಳಗಿರುವುದು ಸಿಎಚ್340 ಚಿಪ್ ಅನ್ನುವ ಗುರುತು ಅದು. ದಿನಾ ನೋಡುವಂಥದ್ದೇ, ಐದು ನಿಮಿಷದ ಕೆಲಸ ಅಂದುಕೊಂಡೆ. ಡ್ರೈವರ್ ಇನ್‌ಸ್ಟಾಲರ್ ಒತ್ತಿದರೆ ಅದು ತೆರೆಯಲೇ ಇಲ್ಲ. ಸೊನ್ನೆಗಳ ಸಾಲು, ಕೊನೆಗೆ 7ಬಿ ಇರುವ ಎರರ್ ಬಂತು.

ಪಕ್ಕದಲ್ಲಿ ನಿಂತಿದ್ದ ಯಜಮಾನರ ಮಗ ಮೆಲ್ಲಗೆ ಬಾಯಿಬಿಟ್ಟ. "ಅಣ್ಣಾ, ಮೊದಲು ನ್ಯೂಡೆವ್ ಡಿಎಲ್‌ಎಲ್ ಅನ್ನೋ ವಿಂಡೋಸ್ ಫೈಲ್ ಇಲ್ಲ ಅಂತ ಬರ್ತಿತ್ತು. ನೆಟ್‌ನಿಂದ ಇಳಿಸಿ ಸಿಸ್ಟಮ್32 ಫೋಲ್ಡರ್‌ಗೆ ಹಾಕಿದೆ. ಆಮೇಲಿಂದ ಈ ನಂಬರ್ ಬರ್ತಿದೆ."

ಮಂಡಿಗೆ ಮಾಲು ಬಂದಾಗ ಒಬ್ಬ ಇಳಿಸುತ್ತಾನೆ, ಒಬ್ಬ ತೂಗುತ್ತಾನೆ, ಒಬ್ಬ ಬರೆದುಕೊಂಡು ಗೋದಾಮಿಗೆ ಸೇರಿಸುತ್ತಾನೆ, ಅಲ್ವಾ? ವಿಂಡೋಸ್‌ನಲ್ಲಿ ಡ್ರೈವರ್ ಬಂದಾಗಲೂ ಹಾಗೆಯೇ. ನ್ಯೂಡೆವ್ ಫೈಲ್ ಬಾಗಿಲಲ್ಲಿ ನಿಂತವನು. 'ಅಪ್‌ಡೇಟ್ ಡ್ರೈವರ್' ಕಿಟಕಿ ಅದರದ್ದೇ. ಎಷ್ಟೋ ಇನ್‌ಸ್ಟಾಲರ್‌ಗಳೂ ಅದನ್ನೇ ಕರೆಯುತ್ತವೆ. ಸೆಟಪ್‌ಎಪಿಐ ಫೈಲ್ ಡ್ರೈವರ್ ಜೊತೆ ಬರುವ ಐಎನ್‌ಎಫ್ ಚೀಟಿಯನ್ನು ಓದುತ್ತದೆ. ಡ್ರೈವರ್‌ನ ಒಂದು ಪ್ರತಿ ಡ್ರೈವರ್‌ಸ್ಟೋರ್ ಫೋಲ್ಡರ್‌ಗೆ ಹೋಗುತ್ತದೆ, ಅದೇ ಗೋದಾಮು. ಬಾಗಿಲವನೇ ಇಲ್ಲದಿದ್ದರೆ ಮಾಲು ಒಳಗೆ ಬರುವುದೆಲ್ಲಿಂದ?

ಹುಡುಗ ಹಾಕಿದ ಫೈಲನ್ನು ಸುಮ್ನೆ ನೋಟ್‌ಪ್ಯಾಡ್‌ನಲ್ಲಿ ತೆರೆದೆ. ಪೂರ್ತಿ ಗೀಚುಬರಹ. ಆದರೆ ಮೇಲ್ಗಡೆ 'ಪಿಇ' ಅನ್ನುವ ಎರಡು ಅಕ್ಷರ ಸಿಗುತ್ತದೆ. ಅದಾದ ಮೇಲೆ 'ಎಲ್' ಇದ್ದರೆ 32 ಬಿಟ್, 'ಡಿ' ಇದ್ದರೆ 64 ಬಿಟ್. ಇಲ್ಲಿ 'ಎಲ್' ಇತ್ತು. 64 ಬಿಟ್ ವಿಂಡೋಸ್‌ಗೆ 32 ಬಿಟ್ ಫೈಲ್ ತುರುಕಿದ್ದ. ಎರಡೂ ಬೇರೆ ಜಾತಿ, ಒಂದಕ್ಕೊಂದು ಹೊಂದುವುದಿಲ್ಲ. ಆ 7ಬಿ ಎರರ್ ಬಂದದ್ದು ಅದಕ್ಕೇ. ಅವನನ್ನು ಬೈದು ಪ್ರಯೋಜನವಿಲ್ಲ. ಸಿಸ್ಟಮ್32 ಅನ್ನೋ ಫೋಲ್ಡರ್‌ನಲ್ಲಿ 64 ಬಿಟ್ ಫೈಲ್, ಸಿಸ್‌ವಾವ್64ನಲ್ಲಿ 32 ಬಿಟ್ ಫೈಲ್! ಈ ಉಲ್ಟಾ ಹೆಸರಿಗೆ ನಾನೂ ಒಂದು ಕಾಲದಲ್ಲಿ ಬಿದ್ದವನೇ. ಫೈಲನ್ನು ವಿಂಡೋಸ್‌ನಲ್ಲಿ ರಿಜಿಸ್ಟರ್ ಮಾಡುವ ರೆಜ್‌ಸರ್ವರ್32 ಕಮಾಂಡ್ ಕೊಟ್ಟೂ ನೋಡಿದ್ದನಂತೆ. ಸರಿಯಾದ ನ್ಯೂಡೆವ್ ಇದ್ದರೂ ಅದರಿಂದ ಏನೂ ಆಗುವುದಿಲ್ಲ. ರಿಜಿಸ್ಟರ್ ಮಾಡುವ ಜಾತಿಯ ಫೈಲೇ ಅಲ್ಲ ಅದು.

ವಿಂಡೋಸ್ ಫೋಲ್ಡರ್ ಒಳಗಿನ ಐಎನ್‌ಎಫ್ ಫೋಲ್ಡರ್‌ನಲ್ಲಿ ಸೆಟಪ್‌ಎಪಿಐ ಡೆವ್ ಲಾಗ್ ಅಂತ ಒಂದು ದಾಖಲೆ ಫೈಲ್ ಇದೆ. ಡ್ರೈವರ್ ತಕರಾರು ಬಂದರೆ ನಾನು ತಪ್ಪದೆ ನೋಡುವುದು ಅದನ್ನೇ. ಪ್ರತಿ ಪ್ರಯತ್ನವೂ >>> ಗುರುತಿನಿಂದ ಶುರುವಾಗಿ <<< ಗುರುತಿಗೆ ಮುಗಿಯುತ್ತದೆ. ಎಡವಿದ ಸಾಲಿನ ಮುಂದೆ !!! ಇರುತ್ತದೆ. ಕೇಬಲ್ ಚುಚ್ಚಿದ್ದು, ಡ್ರೈವರ್ ಸಿಗದಿದ್ದದ್ದು ಅದರಲ್ಲಿ ಬಂದಿತ್ತು. ಇನ್‌ಸ್ಟಾಲರ್ ಒತ್ತಿದ ಹೊತ್ತಿಗೆ ಮಾತ್ರ ಒಂದು ಸಾಲೂ ಇರಲಿಲ್ಲ. ಅಂದ್ರೆ ಡ್ರೈವರ್ ತಪ್ಪಲ್ಲ. ಕೆಲಸ ಶುರುವಾಗುವ ಮೊದಲೇ ಇನ್‌ಸ್ಟಾಲರ್ ಬಿದ್ದುಹೋಗುತ್ತಿದೆ.

ಹಾಗಾದರೆ ಮೂಲ ಫೈಲ್ ಹೋಗಿದ್ದೆಲ್ಲಿಗೆ? ವಿಂಡೋಸ್ ಇಂಥ ಫೈಲ್‌ಗಳನ್ನು ಸುಲಭಕ್ಕೆ ಅಳಿಸಲು ಬಿಡುವುದಿಲ್ಲ. ಸಿ ಡ್ರೈವ್‌ನಲ್ಲಿ ಅಡಗಿಸಿಟ್ಟ ಫೋಲ್ಡರ್‌ಗಳನ್ನೂ ತೋರಿಸು ಅಂದೆ. ಫೌಂಡ್ 000 ಅನ್ನುವುದು ಕಂಡಿತು. ಡಿಸ್ಕ್ ಪರೀಕ್ಷಿಸುವ ಚೆಕ್‌ಡಿಸ್ಕ್ ಓಡಿ ದಿಕ್ಕಿಲ್ಲದ ಫೈಲ್ ಚೂರುಗಳನ್ನು ಗುಡ್ಡೆ ಹಾಕುವ ಜಾಗ ಅದು. ಯುಪಿಎಸ್ ಬ್ಯಾಟರಿ ಸತ್ತು ಎಷ್ಟು ತಿಂಗಳಾಯಿತೋ, ಯಾರಿಗೂ ನೆನಪಿರಲಿಲ್ಲ. ಕರೆಂಟ್ ಹೋದಾಗ ಕಂಪ್ಯೂಟರ್ ದಿಢೀರನೆ ಆರಿ ಫೈಲ್ ಹಾಳಾಗಿರಬೇಕು. ಡಿಸ್ಕ್‌ನ ಆರೋಗ್ಯ ತೋರಿಸುವ ಕ್ರಿಸ್ಟಲ್‌ಡಿಸ್ಕ್‌ಇನ್ಫೋ ಹಾಕಿದರೆ ಹಾರ್ಡ್‌ಡಿಸ್ಕ್ ಮೇಲೆ ಹಳದಿ ಬಣ್ಣದ ಎಚ್ಚರಿಕೆ.

ಇಂಥ ಡಿಸ್ಕ್ ಮೇಲೆ ರಿಪೇರಿ ಓಡಿಸಿದರೆ ಇದ್ದದ್ದೂ ಹೋದೀತು. ಮೊದಲು ಬಿಲ್ಲಿಂಗ್ ಡೇಟಾ ಪೆನ್‌ಡ್ರೈವ್‌ಗೆ ತೆಗೆದೆ. ಆಮೇಲೆ 500 ಜಿಬಿ ಡಿಸ್ಕನ್ನು ಅಂಗಡಿಗೆ ತಂದು 512 ಜಿಬಿ ಎಸ್‌ಎಸ್‌ಡಿಗೆ ಕ್ಲೋನ್, ಅಂದ್ರೆ ಇದ್ದದ್ದನ್ನು ಇದ್ದಂತೆಯೇ ನಕಲು, ಮಾಡಲು ಇಟ್ಟೆ. ಕೆಟ್ಟ ಸೆಕ್ಟರ್‌ಗಳ ಹತ್ತಿರ ತಡವರಿಸುತ್ತಾ ಮುಗಿಯುವಾಗ ಬೆಳಗಾಗಿತ್ತು.

ಎಸ್‌ಎಸ್‌ಡಿ ಹಾಕಿ, ವಿಂಡೋಸ್ ಫೈಲ್‌ಗಳನ್ನು ಪರೀಕ್ಷಿಸಿ ಸರಿಮಾಡುವ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಕಮಾಂಡ್ ಕೊಟ್ಟೆ. ಹಾಳಾದ ಫೈಲ್ ಸಿಕ್ಕಿವೆ, ಕೆಲವನ್ನು ಸರಿ ಮಾಡಲಾಗಲಿಲ್ಲ ಅಂತ ಉತ್ತರ. ಅದು ಒಳ್ಳೆಯ ಪ್ರತಿಯನ್ನು ತರುವುದು ವಿನ್‌ಎಸ್‌ಎಕ್ಸ್‌ಎಸ್ ಫೋಲ್ಡರ್‌ನಿಂದ. ಸಿಸ್ಟಮ್32ನಲ್ಲಿ ಕಾಣುವ ಹೆಚ್ಚಿನ ಫೈಲ್‌ಗಳು ಅಲ್ಲಿಯ ಫೈಲ್‌ಗೇ ಇರುವ ಇನ್ನೊಂದು ಹೆಸರು, ಅಷ್ಟೇ. ಡಿಸ್ಕ್ ಮೇಲೆ ಇರುವುದು ಒಂದೇ ಪ್ರತಿ. ಅದು ಹೋದರೆ ಎರಡೂ ಕಡೆ ಹೋದಂತೆ.

ಹಾಗಾಗಿ ಹೊರಗಿನಿಂದ ಒಳ್ಳೆಯ ಪ್ರತಿ ತಂದು ಆ ಫೋಲ್ಡರನ್ನೇ ಸರಿಮಾಡುವ ಡಿಸ್ಮ್ ರಿಸ್ಟೋರ್‌ಹೆಲ್ತ್ ಕಮಾಂಡ್. ಮಂಡಿಯ ನೆಟ್ ನಂಬುವ ಹಾಗಿರಲಿಲ್ಲ. ವಿಂಡೋಸ್ 10ರ 22ಎಚ್2 ಆವೃತ್ತಿಯ ಐಎಸ್‌ಒ, ಅಂದ್ರೆ ಇನ್‌ಸ್ಟಾಲ್ ಡಿಸ್ಕ್‌ನ ಪ್ರತಿ, ನನ್ನ ಪೆನ್‌ಡ್ರೈವ್‌ನಲ್ಲಿತ್ತು, ಅದನ್ನೇ ಸೋರ್ಸ್ ಅಂತ ತೋರಿಸಿದೆ. ಮೊದಲ ಸಲ ಫೇಲ್. ಐಎಸ್‌ಒದಲ್ಲಿ ಇದ್ದ ಫೈಲಿನ ಹೆಸರು ಇನ್‌ಸ್ಟಾಲ್ ಇಎಸ್‌ಡಿ, ನಾನು ಅಭ್ಯಾಸಬಲದಿಂದ ಇನ್‌ಸ್ಟಾಲ್ ಡಬ್ಲ್ಯುಐಎಂ ಅಂತ ಬರೆದಿದ್ದೆ. ತಿದ್ದಿ, ಪ್ರೊ ಆವೃತ್ತಿಯ ಇಂಡೆಕ್ಸ್ ನಂಬರ್ ನೋಡಿ ಹಾಕಿ, ಮತ್ತೆ ಕೊಟ್ಟೆ. ಶೇಕಡಾ 62.3ಕ್ಕೆ ಬಂದು ನಿಂತಿತು. ಅಲ್ಲಿ ನಿಲ್ಲುವುದು ಅದರ ಹಳೇ ಚಾಳಿ, ಮುಚ್ಚಬೇಡಿ. ನಾನು ಚಹಾ ಕುಡಿದು ಬಂದೆ. ಮುಗಿದಿತ್ತು. ಇನ್ನೊಮ್ಮೆ ಎಸ್‌ಎಫ್‌ಸಿ ಓಡಿಸಿದಾಗ ಹುಡುಗ ಹಾಕಿದ್ದ ಫೈಲ್ ಹೋಗಿ ಅಸಲಿ ನ್ಯೂಡೆವ್ ಬಂದು ಕೂತಿತು.

ಇನ್‌ಸ್ಟಾಲರ್ ಈಗ ಒಂದೇ ಏಟಿಗೆ ತೆರೆಯಿತು. ಲಾಗ್‌ನಲ್ಲೂ 'ಸಕ್ಸೆಸ್' ಬಂತು. ಬಿಲ್ಲಿಂಗ್ ಸಾಫ್ಟ್‌ವೇರ್‌ನಲ್ಲಿ ಮಾತ್ರ ತೂಕ ಸೊನ್ನೆ! ಇಂಥ ಕೇಬಲ್‌ಗೆ ವಿಂಡೋಸ್ ಒಂದು ಕಾಮ್ ಪೋರ್ಟ್ ನಂಬರ್ ಕೊಡುತ್ತದೆ. ಸಾಫ್ಟ್‌ವೇರ್ ಕಾಮ್ 3ರಲ್ಲಿ ಕಾಯುತ್ತಿತ್ತು, ಹೊಸ ಕೇಬಲ್‌ಗೆ ಕಾಮ್ 5 ಸಿಕ್ಕಿತ್ತು. ಸುಟ್ಟ ಕೇಬಲ್ ಇನ್ನೂ 3ನ್ನು ಹಿಡಿದುಕೊಂಡಿತ್ತು. ಡಿವೈಸ್ ಮ್ಯಾನೇಜರ್‌ನಲ್ಲಿ ಅಡಗಿದ ಸಾಧನಗಳನ್ನು ತೋರಿಸಿ, ಆ ಹಳೇ ನಮೂದು ತೆಗೆದು, ಹೊಸದಕ್ಕೆ 3 ಕೊಟ್ಟೆ.

ಹುಡುಗನೇ ಹೋಗಿ ಮಷಿನ್ ಮೇಲೆ ನಿಂತ. ಪರದೆ ಮೇಲೆ 52.6 ಮೂಡಿತು. ಯಜಮಾನರು ಕನ್ನಡಕ ಸರಿಮಾಡಿಕೊಂಡು ನೋಡಿ, "ಇವನಿಗೆ ಇಷ್ಟೇನಾ ತೂಕ? ಮಷಿನ್ ಸರಿ ಇದ್ಯಾ ನೋಡು ಮಾರಾಯಾ" ಅಂದರು.