ಫೋಲ್ಡರ್‌ಗೊಂದು ಮಂಡಲದ ಐಕಾನ್

ಕಂಪ್ಯೂಟರಿನ ಫೋಲ್ಡರ್‌ಗಳೆಲ್ಲ ಒಂದೇ ಬಣ್ಣ, ಒಂದೇ ಆಕಾರ. ಹೆಸರು ಓದದೆ ಯಾವುದರಲ್ಲಿ ಏನಿದೆ ಎಂದು ತಿಳಿಯದು. ಮಂಡಲಗಳಲ್ಲಿ ಕಾಣುವ ಆರು ಮೊನೆಯ ಷಟ್ಕೋಣ, ಪದ್ಮ, ಬಿಂದು, ಚಂದ್ರಕಲೆಯಂಥ ಆಕೃತಿಗಳನ್ನು ಅವುಗಳ ಮೇಲೆ ಕೂರಿಸಿದರೆ ಕಣ್ಣಿಗೆ ಗುರುತೂ ಸಿಗುತ್ತದೆ, ಪರದೆಗೆ ಒಂದು ನಿಗೂಢ ಕಳೆಯೂ ಬರುತ್ತದೆ.

ಮೊದಲು ಮನಸ್ಸಿಗೆ ಬರುವುದು ಶ್ರೀಚಕ್ರ. ಅದರಲ್ಲಿ ಮೇಲ್ಮುಖದ 4 ಮತ್ತು ಕೆಳಮುಖದ 5 ತ್ರಿಕೋನಗಳು ಒಂದನ್ನೊಂದು ಹಾಯ್ದು 43 ಸಣ್ಣ ತ್ರಿಕೋನಗಳಾಗುತ್ತವೆ. ಸುತ್ತ 8 ದಳ, 16 ದಳಗಳ ಪದ್ಮಗಳು, ಹೊರಗೆ ನಾಲ್ಕು ಬಾಗಿಲಿನ ಚೌಕದ ಆವರಣ, ಅಂದರೆ ಭೂಪುರ. ಫೋಲ್ಡರ್ ಪಟ್ಟಿಯಲ್ಲಿ ಐಕಾನಿಗೆ ಸಿಗುವ ಜಾಗವೋ ಬರೀ 16 ಪಿಕ್ಸೆಲ್ ಅಗಲ, 16 ಪಿಕ್ಸೆಲ್ ಎತ್ತರ. ಅಲ್ಲಿ ಇಡೀ ಚಕ್ರ ಕಲಸಿಹೋಗುತ್ತದೆ. ಅಲ್ಲದೆ ಎಷ್ಟೋ ಮನೆಗಳಲ್ಲಿ ಅದು ಪೂಜೆಯ ಯಂತ್ರ. ರೀಸೈಕಲ್ ಬಿನ್‌ಗೆ ಎಳೆದು ಹಾಕುವ ಫೋಲ್ಡರ್ ಮೇಲೆ ಅದನ್ನಿಡುವುದು ನನಗಂತೂ ಸರಿಕಾಣದು. ಒಂದು ಷಟ್ಕೋಣ, ನಡುವೆ ಬಿಂದು, ಅಷ್ಟೇ ಸಾಕು.

ಬಿಡಿಸಲು ಉಚಿತವಾಗಿ ಸಿಗುವ ಇಂಕ್‌ಸ್ಕೇಪ್ ತಂತ್ರಾಂಶ ಒಳ್ಳೆಯದು. 256 ಪಿಕ್ಸೆಲ್ ಚೌಕದ ಹಾಳೆ ತೆರೆಯಿರಿ. ಕುಂಕುಮ ಬಣ್ಣದ ತುಂಬು ವೃತ್ತ ಹಾಕಿ, ಅದರ ಮೇಲೆ ಅರಿಶಿನ ಬಣ್ಣದ ಗೆರೆಯಲ್ಲಿ ತ್ರಿಕೋನ ಬರೆಯಿರಿ. ಅದನ್ನು ನಕಲು ಮಾಡಿ, ತಲೆಕೆಳಗಾಗಿಸಿ, ಮೇಲಿಟ್ಟರೆ ಷಟ್ಕೋಣ ಸಿದ್ಧ. ಪದ್ಮ ಬೇಕಿದ್ದರೆ ಒಂದೇ ದಳ ಬರೆದು, ತಿರುಗುವ ಕೇಂದ್ರವನ್ನು ವೃತ್ತದ ನಡುವಿಗೆ ಸರಿಸಿ, 45 ಡಿಗ್ರಿಗೊಂದರಂತೆ ನಕಲು ಮಾಡಿ. ತುಂಬು ವೃತ್ತ ಹಿಂದಿದ್ದರೆ ಪರದೆ ಬಿಳಿಯಿರಲಿ, ಡಾರ್ಕ್ ಮೋಡ್ ಇರಲಿ, ಆಕೃತಿ ಎದ್ದು ಕಾಣುತ್ತದೆ.

ಗೆರೆಯ ದಪ್ಪದಲ್ಲೇ ಎಲ್ಲ ಇರುವುದು. 256ರ ಚಿತ್ರ 16ಕ್ಕೆ ಇಳಿದಾಗ 16 ಪಿಕ್ಸೆಲ್ ದಪ್ಪದ ಗೆರೆ ಒಂದೇ ಪಿಕ್ಸೆಲ್ ಆಗುತ್ತದೆ. ಅದಕ್ಕಿಂತ ತೆಳುವಾದದ್ದು ಮಸುಕಾಗುತ್ತದೆ. ಹಾಗಾಗಿ ಸಣ್ಣ ಅಳತೆಗೆ ಬೇರೆಯೇ ಚಿತ್ರ ಬರೆಯಿರಿ: ದಳಗಳನ್ನು ಬಿಟ್ಟು ವೃತ್ತ, ಬಿಂದು ಮಾತ್ರ ಉಳಿಸಿ.

256, 48, 32, 16ರ ಅಳತೆಗಳಲ್ಲಿ ಹಿನ್ನೆಲೆ ಪಾರದರ್ಶಕವಾಗಿರುವ ಪಿಎನ್‌ಜಿ ಕಡತಗಳನ್ನು ತೆಗೆದುಕೊಳ್ಳಿ. ಚಿತ್ರ ತಿದ್ದುವ ಜಿಂಪ್ ತಂತ್ರಾಂಶದಲ್ಲಿ ಅವನ್ನು ಒಂದೇ ಚಿತ್ರದ ಲೇಯರ್‌ಗಳಾಗಿ ತೆರೆದು, ವಿಂಡೋಸ್ ಐಕಾನ್‌ಗೆ ಬೇಕಾದ ಐಸಿಓ ಕಡತವಾಗಿ ಎಕ್ಸ್‌ಪೋರ್ಟ್ ಮಾಡಿ.

ವಿಂಡೋಸ್‌ನಲ್ಲಿ ಫೋಲ್ಡರ್ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್, ಕಸ್ಟಮೈಸ್, ಚೇಂಜ್ ಐಕಾನ್ ಎಂದು ಹೋಗಿ ಆ ಕಡತ ತೋರಿಸಿ. ಅದನ್ನು ಡೌನ್‌ಲೋಡ್ಸ್‌ನಲ್ಲಿ ಬಿಡಬೇಡಿ. ವಿಂಡೋಸ್ ಚಿತ್ರವನ್ನಲ್ಲ, ಅದರ ವಿಳಾಸವನ್ನಷ್ಟೇ ನೆನಪಿಡುತ್ತದೆ. ಕಡತ ಜಾಗ ಬದಲಿಸಿದರೆ ಐಕಾನ್ ಮಾಯ. ಮ್ಯಾಕ್‌ನಲ್ಲಾದರೆ 1024 ಪಿಕ್ಸೆಲ್ ಚಿತ್ರವನ್ನು ಪ್ರಿವ್ಯೂನಲ್ಲಿ ತೆರೆದು ನಕಲಿಸಿ, ಫೋಲ್ಡರ್‌ನ ಗೆಟ್ ಇನ್ಫೋ ಕಿಟಕಿಯಲ್ಲಿ ಮೇಲಿನ ಪುಟ್ಟ ಐಕಾನ್ ಆರಿಸಿ ಪೇಸ್ಟ್ ಮಾಡಿ. ಉಬುಂಟುವಿನಲ್ಲಿ ಪ್ರಾಪರ್ಟೀಸ್ ತೆರೆದು ಐಕಾನ್ ಮೇಲೆ ಕ್ಲಿಕ್ ಮಾಡಿದರೆ ಪಿಎನ್‌ಜಿಯನ್ನೇ ಕೊಡಬಹುದು.

ಯಾವ ಆಕೃತಿ ಯಾವುದಕ್ಕೆ ಎಂಬುದನ್ನು ಮೊದಲೇ ನಿರ್ಧರಿಸಿ: ಅರ್ಧ ಬರೆದ ಬರಹಕ್ಕೆ ಬಿದಿಗೆಯ ಚಂದ್ರ, ಮುಗಿದದ್ದಕ್ಕೆ ಪೂರ್ಣಚಂದ್ರ, ಮನೆಯವರ ಫೋಟೋಗಳಿಗೆ ಪದ್ಮ, ಬ್ಯಾಂಕ್ ಕಾಗದಪತ್ರಕ್ಕೆ ನಾಲ್ಕು ಬಾಗಿಲಿನ ಭೂಪುರ. ನಿತ್ಯ ತೆರೆಯುವ ನಾಲ್ಕೈದು ಫೋಲ್ಡರ್‌ಗಳಿಗೆ ಮಾತ್ರ ಇವನ್ನು ಇಡಿ, ಉಳಿದವು ಹಳದಿಯಾಗಿಯೇ ಇರಲಿ. ವಿಂಡೋಸ್‌ನಲ್ಲಿ ಬದಲಿಸಿದರೂ ಹಳೆಯ ಚಿತ್ರವೇ ಕಾಣುತ್ತಿದ್ದರೆ ಟಾಸ್ಕ್ ಮ್ಯಾನೇಜರ್‌ನಲ್ಲಿ ವಿಂಡೋಸ್ ಎಕ್ಸ್‌ಪ್ಲೋರರ್ ಆರಿಸಿ ರೀಸ್ಟಾರ್ಟ್ ಕೊಡಿ. ಬೇಡವೆನಿಸಿದರೆ ಚೇಂಜ್ ಐಕಾನ್ ಕಿಟಕಿಯಲ್ಲೇ ರಿಸ್ಟೋರ್ ಡಿಫಾಲ್ಟ್ಸ್ ಒತ್ತಿ.