ಚೀಟ್ ಹಾಕುವುದಕ್ಕೇ ಒಂದು ಹಳೆಯ ಕಂಪ್ಯೂಟರ್: ನನ್ನ ಅನುಭವ

ಒಬ್ಬರೇ ಆಡುವ ಕಂಪ್ಯೂಟರ್ ಆಟವಾದರೂ ಸರಿ, ಅದರೊಳಗಿನ ಅಂಕೆಗಳನ್ನು ತಿದ್ದುವ ಚೀಟ್ ತಂತ್ರಾಂಶ ಮುಟ್ಟಿದರೆ ವೈರಸ್ ಹತ್ತುವುದು ಇಲ್ಲವೇ ಖಾತೆ ಬ್ಯಾನ್ ಆಗುವುದು ತಪ್ಪಿದ್ದಲ್ಲ ಎಂದು ದಾವಣಗೆರೆಯಲ್ಲಿ ನನಗೆ ಹೇಳದವರು ಕಡಿಮೆ. ಹಳೇ ಪಿ.ಬಿ. ರಸ್ತೆಯ ಹಿಂದಿನ ಗಲ್ಲಿಯಲ್ಲಿ ನನ್ನದೊಂದು ಕಂಪ್ಯೂಟರ್ ರಿಪೇರಿ ಅಂಗಡಿಯಿದೆ. ಸಂಜೆ ಮಂಡಕ್ಕಿ ಮಿರ್ಚಿ ಕಟ್ಟಿಸಿಕೊಂಡು ಅಲ್ಲಿಗೆ ಬರುವ ಗೆಳೆಯರೆಲ್ಲ ಇದೇ ಮಾತನ್ನು ಆಡಿದ್ದಾರೆ. ಅವರ ಮಾತಿಗೆ ಆಧಾರವೂ ಇತ್ತು, ಏಕೆಂದರೆ ಮೊದಲ ಬಾರಿಗೆ ಮೋಸಹೋದವನು ನಾನೇ. ಆದರೆ ಕಳೆದ ಮೂರು ವರ್ಷಗಳಲ್ಲಿ ಸುಮಾರು ನಲವತ್ತು ಆಟಗಳಲ್ಲಿ ಹಣ, ಆಯುಷ್ಯ, ಗುಂಡು ಎಲ್ಲವನ್ನೂ ಮನಸ್ಸಿಗೆ ಬಂದಂತೆ ತಿದ್ದಿದ್ದೇನೆ. ಒಂದು ಬ್ಯಾನ್ ಇಲ್ಲ, ಒಂದು ಪಾಸ್‌ವರ್ಡ್ ಕಳುವಾಗಿಲ್ಲ.

ಮೊದಲು ಮೋಸಹೋದ ಕಥೆ. 2021ರ ಮಳೆಗಾಲದಲ್ಲಿ ಹೆಸರಾಂತ ತಯಾರಕರೊಬ್ಬರ ಟ್ರೇನರ್ (ಒಂದು ಆಟಕ್ಕೆಂದೇ ಮಾಡಿಟ್ಟ ಸಿದ್ಧ ಚೀಟ್ ತಂತ್ರಾಂಶ) ಎಂದು ನಂಬಿ, ಅವರ ತಾಣದ ಹಾಗೆಯೇ ಕಾಣುವ ಬೇರೊಂದು ತಾಣದಿಂದ ಒಂದು ಜಿಪ್ ಫೈಲನ್ನು ಇಳಿಸಿಕೊಂಡೆ. ಅದಕ್ಕೆ 1234 ಎಂಬ ಪಾಸ್‌ವರ್ಡ್ ಇತ್ತು, ಬಿಚ್ಚುವ ಮುನ್ನ ಆಂಟಿವೈರಸ್ ಆಫ್ ಮಾಡಿ ಎಂಬ ಸೂಚನೆಯೂ ಇತ್ತು. ಬಿಚ್ಚಿದಾಗ ಬಂದ ಫೈಲು ಏಳುನೂರು ಎಂಬಿ ದಾಟಿತ್ತು. ಟ್ರೇನರ್ ಎಂದರೆ ಕೆಲವೇ ಎಂಬಿಗಳ ವಸ್ತು ಎಂಬುದು ದಿನವಿಡೀ ಕಂಪ್ಯೂಟರ್ ಬಿಚ್ಚುವ ನನಗೆ ತಿಳಿಯದ ಸಂಗತಿಯೇನಲ್ಲ, ಆದರೂ ಆ ರಾತ್ರಿ ಬುದ್ಧಿ ಓಡಲಿಲ್ಲ. ಪಾಸ್‌ವರ್ಡ್ ಹಾಕುವುದು ಸ್ಕ್ಯಾನರ್ ಒಳಗೆ ಇಣುಕದಿರಲಿ ಎಂದು. ಒಳಗೆ ಬರಿಯ ಸೊನ್ನೆಗಳನ್ನು ತುಂಬಿ ಗಾತ್ರ ಉಬ್ಬಿಸುವುದು, ಪರೀಕ್ಷಿಸುವ ತಾಣಗಳು ಅಷ್ಟು ದೊಡ್ಡ ಫೈಲನ್ನು ತೆಗೆದುಕೊಳ್ಳದಿರಲಿ ಎಂದು.

ಎರಡು ದಿನ ಕಳೆದು ಬೆಳಗಿನ ಜಾವ ಮೂರರ ಸುಮಾರಿಗೆ ನನ್ನ ಆಟಗಳ ಖಾತೆಯ ಇಮೇಲ್ ಬದಲಾಯಿತು. ಅದರಲ್ಲಿ ಹನ್ನೊಂದು ಹನ್ನೆರಡು ಸಾವಿರ ರೂಪಾಯಿಯ ಆಟಗಳಿದ್ದವು. ಅಂಗಡಿಯ ಪುಟದಲ್ಲಿ ಯಾರೋ ಕ್ರಿಪ್ಟೊ ಜಾಹೀರಾತು ಹಾಕಿದರು. ಓಟಿಪಿ ಇಟ್ಟಿದ್ದೆನಲ್ಲ ಎಂದು ಬಡಬಡಿಸಿದೆ. ಆದರೆ ಲಾಗಿನ್ ಗುರುತು ಹೊತ್ತ ಬ್ರೌಸರಿನ ಕುಕಿಯನ್ನೇ ಹೊತ್ತೊಯ್ದವನಿಗೆ ಓಟಿಪಿ ಏಕೆ ಬೇಕು, ಅವನು ಲಾಗಿನ್ ಆಗಿಯೇ ಒಳಗೆ ಬಂದಿರುತ್ತಾನೆ. ರೆಡ್‌ಲೈನ್ ಎಂಬ ಕಳ್ಳ ತಂತ್ರಾಂಶ ಇದೇ ಜಾತಿಯದು. 2024ರ ಅಕ್ಟೋಬರ್‌ನಲ್ಲಿ ನೆದರ್ಲೆಂಡ್ಸ್ ಪೊಲೀಸರು ಬೇರೆ ದೇಶಗಳವರ ಜೊತೆ ಸೇರಿ ಅದರ ಸರ್ವರ್‌ಗಳನ್ನು ಮುಚ್ಚಿಸುವವರೆಗೂ ಅದನ್ನು ಹರಡಿದ ದಾರಿಗಳಲ್ಲಿ ಸುಳ್ಳು ಚೀಟ್‌ಗಳೂ ಒಂದಾಗಿದ್ದವು. ಖರೀದಿಯ ರಸೀದಿಗಳನ್ನು ಕಳುಹಿಸಿ ಖಾತೆಯನ್ನು ಮರಳಿ ಪಡೆಯಲು ನನಗೆ ಇಪ್ಪತ್ತು ದಿನ ಹಿಡಿಯಿತು. ವಿಂಡೋಸ್ ಮರುಸ್ಥಾಪನೆ, ಮೂವತ್ತು ಚಿಲ್ಲರೆ ಪಾಸ್‌ವರ್ಡ್‌ಗಳ ಬದಲಾವಣೆ ಎಂದು ಎರಡು ದಿನದ ವ್ಯಾಪಾರವೂ ಹೋಯಿತು. ಗಿರಾಕಿಗಳಿಗೆ ಕಾರಣ ಹೇಳಲು ನಾಚಿಕೆಯಾಗಿ ಜ್ವರವೆಂದೆ.

ಆಮೇಲೆ ಹಿಡಿದ ಎರಡು ದಾರಿಗಳೂ ಕೈಗೂಡಲಿಲ್ಲ. ವರ್ಚುವಲ್ ಮೆಷಿನ್‌ನೊಳಗೆ, ಅಂದರೆ ಕಂಪ್ಯೂಟರಿನೊಳಗೆ ತಂತ್ರಾಂಶದಿಂದಲೇ ಕಟ್ಟಿದ ಇನ್ನೊಂದು ಕಂಪ್ಯೂಟರಿನೊಳಗೆ, ಆಟವನ್ನು ಓಡಿಸಲು ಹೋದೆ. ಲಾರಿ ಓಡಿಸುವ ಆಟ ಸೆಕೆಂಡಿಗೆ ಎಂಟೊಂಬತ್ತು ಫ್ರೇಮಿಗೆ ಇಳಿದು, ಲಾರಿಗಿಂತ ನಡೆದು ಹೋಗುವುದೇ ಲೇಸು ಎನಿಸಿತು. ಮುಚ್ಚಿದೊಡನೆ ಎಲ್ಲವೂ ಅಳಿದುಹೋಗುವ ಪ್ರತ್ಯೇಕ ಕೋಣೆಯಂಥ ವಿಂಡೋಸ್ ಸ್ಯಾಂಡ್‌ಬಾಕ್ಸ್ ಹೋಮ್ ಆವೃತ್ತಿಯಲ್ಲಿ ಸಿಗುವುದಿಲ್ಲ, ಪ್ರೊ ಬೇಕು. ಇದ್ದರೂ ಆಟ ಹೊರಗಿದ್ದು ಚೀಟ್ ಒಳಗಿದ್ದರೆ ಅದು ಆಟದ ಮೆಮೊರಿಯನ್ನು ಮುಟ್ಟಲಾರದು, ಹೀಗಾಗಿ ಅನುಮಾನದ ಫೈಲನ್ನು ಬಿಚ್ಚಿ ನೋಡುವುದಕ್ಕಷ್ಟೇ ಅದನ್ನು ಬಳಸುತ್ತೇನೆ. ಎರಡನೆಯದಾಗಿ ಅದೇ ಡಿಸ್ಕಿನ ಇನ್ನೊಂದು ಪಾರ್ಟಿಷನ್‌ನಲ್ಲಿ ಬೇರೆ ವಿಂಡೋಸ್ ಹಾಕಿದೆ. ಚೀಟ್ ವಿಂಡೋಸ್ ತೆರೆದ ಮೊದಲ ದಿನವೇ ನನ್ನ ಅಂಗಡಿಯ ಬಿಲ್ಲುಗಳ ಫೋಲ್ಡರ್ ಡಿ ಡ್ರೈವ್ ಆಗಿ ಎದುರಿಗೆ ಕುಳಿತಿತ್ತು. ಬಾಗಿಲು ಎರಡಿದ್ದರೂ ಮನೆ ಒಂದೇ ಆಗಿದ್ದರಿಂದ ಅದನ್ನೂ ಅಳಿಸಿದೆ.

ಕೊನೆಗೆ ಪ್ರತ್ಯೇಕ ಯಂತ್ರವನ್ನೇ ಕಟ್ಟಿದೆ. ಕಚೇರಿಯೊಂದರಿಂದ ವಿಲೇವಾರಿಯಾದ ನಾಲ್ಕನೇ ಪೀಳಿಗೆಯ ಐ5 ಪ್ರೊಸೆಸರಿನ ಡಬ್ಬಿಗೆ ಏಳೂವರೆ ಸಾವಿರ, ಸೆಕೆಂಡ್ ಹ್ಯಾಂಡ್ ಜಿಟಿಎಕ್ಸ್ 1050 ಟಿಐ ಗ್ರಾಫಿಕ್ಸ್ ಕಾರ್ಡಿಗೆ ಐದು ಸಾವಿರದ ಹತ್ತಿರ, 240 ಜಿಬಿ ಎಸ್‌ಎಸ್‌ಡಿಗೆ ಸಾವಿರದ ಆರುನೂರೋ ಏಳುನೂರೋ. ಒಟ್ಟು ಹದಿನಾಲ್ಕು ಸಾವಿರದ ಆಸುಪಾಸು. "ಆಟಕ್ಕೆ ಮೋಸ ಮಾಡೋಕೆ ಹದಿನಾಲ್ಕು ಸಾವಿರ ಹಾಕ್ತೀಯಲ್ಲೋ ತಮ್ಮ, ಅದರಾಗೆ ಅಂಗಡಿಗೆ ಒಂದು ಯುಪಿಎಸ್ ಬರ್ತಿತ್ತು" ಎಂದು ಭಾವ ಮಿರ್ಚಿ ಕಚ್ಚುತ್ತ ನಕ್ಕರು. ಹಿಂದಿನ ಸಲ ಕಳೆದುಕೊಂಡದ್ದೇ ಅಷ್ಟಿತ್ತು ಎಂದು ನಾನು ಹೇಳಲಿಲ್ಲ, ಅವರಿಗೆ ಆ ಕಥೆ ಇನ್ನೂ ಗೊತ್ತಿಲ್ಲ.

ಈ ಯಂತ್ರದಲ್ಲಿ ಬ್ಯಾಂಕಿಲ್ಲ, ಯುಪಿಐ ಇಲ್ಲ, ನನ್ನ ನಿಜವಾದ ಇಮೇಲ್ ಇಲ್ಲ, ಬ್ರೌಸರಿನಲ್ಲಿ ಉಳಿಸಿದ ಒಂದು ಪಾಸ್‌ವರ್ಡೂ ಇಲ್ಲ. ಆದಷ್ಟು ಆಟಗಳನ್ನು ಜಿಒಜಿ ಎಂಬ ಆನ್‌ಲೈನ್ ಆಟದಂಗಡಿಯಲ್ಲಿ ಕೊಳ್ಳುತ್ತೇನೆ, ಏಕೆಂದರೆ ಅಲ್ಲಿಯ ಇನ್‌ಸ್ಟಾಲರನ್ನು ಬೇರೆ ಕಂಪ್ಯೂಟರಿನಲ್ಲಿ ಇಳಿಸಿ ತಂದು ಹಾಕಿದರೆ ಲಾಗಿನ್ ಇಲ್ಲದೆಯೇ ಆಟ ಓಡುತ್ತದೆ. ಸ್ಟೀಮ್ ಎಂಬ ಇನ್ನೊಂದು ಆಟದಂಗಡಿಗೆ ಕಾರ್ಡ್ ಜೋಡಿಸದ ಪ್ರತ್ಯೇಕ ಖಾತೆಯಿದೆ, ಅದೂ ಆಫ್‌ಲೈನ್ ಮೋಡಿನಲ್ಲಿ. ನೆಟ್ ಕೇಬಲ್ ಗೋಡೆಯ ಮೊಳೆಗೆ ನೇತಾಡುತ್ತಿರುತ್ತದೆ. ತಿಂಗಳಿಗೆ ಎರಡು ಬಾರಿ ಚುಚ್ಚಿದರೆ ಹೆಚ್ಚು. ಎಲ್ಲವೂ ಸರಿಯಿದ್ದ ದಿನ ಡಿಸ್ಕಿನ ಇಮೇಜ್ (ಪೂರ್ತಿ ಪ್ರತಿ) ತೆಗೆದಿಟ್ಟುಕೊಂಡಿದ್ದೇನೆ, ಅನುಮಾನ ಬಂದರೆ ಇಪ್ಪತ್ತು ನಿಮಿಷದಲ್ಲಿ ಯಂತ್ರ ಹಳೆಯ ಸ್ಥಿತಿಗೆ ಮರಳುತ್ತದೆ. ಮೂರು ವರ್ಷದಲ್ಲಿ ಎರಡೇ ಸಲ ಹಾಗೆ ಮಾಡಬೇಕಾಯಿತು, ಒಮ್ಮೆ ಬರಿಯ ಅನುಮಾನಕ್ಕೆ.

ಬ್ಯಾನ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಸ್ಟೀಮ್ ನಡೆಸುವ ವಾಲ್ವ್ ಸಂಸ್ಥೆಯ ವ್ಯಾಕ್ ಎಂಬ ಚೀಟ್ ಹಿಡಿಯುವ ವ್ಯವಸ್ಥೆ ಇರುವುದು ಅದರ ರಕ್ಷಣೆಯಲ್ಲಿರುವ ಆನ್‌ಲೈನ್ ಸರ್ವರ್‌ಗಳಿಗಾಗಿ, ಮನೆಯಲ್ಲಿ ಒಬ್ಬನೇ ಆಡುವವನಿಗಾಗಿ ಅಲ್ಲ. ತೊಂದರೆ ಇರುವುದು ಒಂದೇ ಆಟದಲ್ಲಿ ಕಥೆಯೂ ಆನ್‌ಲೈನೂ ಸೇರಿರುವಲ್ಲಿ. ಜಿಟಿಎ 5ರ ಕಂಪ್ಯೂಟರ್ ಆವೃತ್ತಿಗೆ 2024ರ ಸೆಪ್ಟೆಂಬರ್‌ನಲ್ಲಿ ಬ್ಯಾಟಲ್‌ಐ ಎಂಬ ಅಂಥದೇ ಕಾವಲು ತಂತ್ರಾಂಶ ಬಂತು. ಕಥೆಯನ್ನಷ್ಟೇ ಆಡುವವರು ಅದನ್ನು ಲಾಂಚರಿನಲ್ಲಿ ಆಫ್ ಮಾಡಬಹುದು. ನಾನು ಅಂಥ ಆಟಗಳನ್ನು ಈ ಯಂತ್ರಕ್ಕೆ ತರುವುದೇ ಇಲ್ಲ. ಅಕ್ಕನ ಮಗ ತನ್ನ ಲ್ಯಾಪ್‌ಟಾಪಿನಲ್ಲಿ ಚೀಟ್ ಎಂಜಿನ್ (ಓಡುತ್ತಿರುವ ಆಟದ ಮೆಮೊರಿಯಲ್ಲಿ ಅಂಕೆ ಹುಡುಕಿ ತಿದ್ದುವ ತಂತ್ರಾಂಶ) ತೆರೆದದ್ದನ್ನು ಮರೆತು ಹಾಗೆಯೇ ಒಂದು ಆನ್‌ಲೈನ್ ಶೂಟಿಂಗ್ ಆಟಕ್ಕೆ ಕೈ ಹಾಕಿದ, ಎರಡು ವರ್ಷ ಬೆಳೆಸಿದ ಖಾತೆ ಶಾಶ್ವತವಾಗಿ ಮುಚ್ಚಿತು. ಅವನು ಆ ಆಟದಲ್ಲಿ ಒಂದು ಅಂಕೆಯನ್ನೂ ತಿದ್ದಿರಲಿಲ್ಲ, ಆದರೆ ಅದನ್ನು ಕೇಳುವವರು ಯಾರು?

ಇನ್ನು ಚೀಟ್‌ಗಳ ವಿಷಯ. ನನ್ನ ದೊಡ್ಡ ಬದಲಾವಣೆಯೆಂದರೆ ಬೇರೆಯವರ ಟ್ರೇನರ್ ಓಡಿಸುವುದನ್ನು ಬಹುಮಟ್ಟಿಗೆ ಬಿಟ್ಟು, ಅಂಕೆಗಳನ್ನು ನಾನೇ ಹುಡುಕುವುದು. ಎಷ್ಟೋ ಆಟಗಳಿಗೆ ತಂತ್ರಾಂಶವೇ ಬೇಡ. ಸ್ಟಾರ್‌ಡ್ಯೂ ವ್ಯಾಲಿ ಎಂಬ ಬೇಸಾಯದ ಆಟದ ಸೇವ್ ಫೈಲ್ ಎಕ್ಸ್‌ಎಂಎಲ್, ಅಂದರೆ ಓದಬಹುದಾದ ಪಠ್ಯ, ನೋಟ್‌ಪ್ಯಾಡಿನಲ್ಲಿ ಮನಿ ಎಂಬ ಟ್ಯಾಗ್ ಹುಡುಕಿ ತಿದ್ದಿದರೆ ಮುಗಿಯಿತು. ಯೂರೋ ಟ್ರಕ್ ಸಿಮ್ಯುಲೇಟರ್ 2ರಲ್ಲಿ ಕಾನ್ಫಿಗ್ ಫೈಲಿನ ಸೇವ್ ಫಾರ್ಮ್ಯಾಟ್ ಸಾಲಿಗೆ 2 ಎಂದು ಕೊಟ್ಟು ಹೊಸದಾಗಿ ಸೇವ್ ಮಾಡಿದರೆ, ಗೀಚು ಅಕ್ಷರಗಳ ಬದಲು ಓದಬಹುದಾದ ಪಠ್ಯವೇ ಬರುತ್ತದೆ. ಸ್ಕೈರಿಮ್‌ಗೆ ಆದೇಶ ಟೈಪ್ ಮಾಡುವ ಅದರದೇ ಕನ್ಸೋಲ್ ಇದೆ. ಅದಕ್ಕೂ ಟ್ರೇನರ್ ಇಳಿಸಿಕೊಂಡು ವೈರಸ್ ಹತ್ತಿಸಿಕೊಂಡ ಯಂತ್ರಗಳು ರಿಪೇರಿಗೆ ಬಂದಾಗ ನನಗೆ ನಗು ತಡೆಯುವುದಿಲ್ಲ, ಆದರೂ ಬಿಲ್ಲು ಮಾಡುತ್ತೇನೆ.

ಹುಡುಕುವುದರಲ್ಲಿ ನನ್ನನ್ನು ಹೆಚ್ಚು ಸತಾಯಿಸಿದ್ದು ಆರ್‌ಪಿಜಿ ಮೇಕರ್ ಎಂಬ ಆಟ ಕಟ್ಟುವ ತಂತ್ರಾಂಶದ ಹಳೆಯ ಆವೃತ್ತಿಯಲ್ಲಿ ಮಾಡಿದ ಒಂದು ಪುಟ್ಟ ಆಟ. ಪರದೆಯ ಮೇಲೆ ಚಿನ್ನ 500 ಎಂದಿದೆ. ಚೀಟ್ ಎಂಜಿನ್‌ನಲ್ಲಿ 500 ಹುಡುಕಿದರೆ ಮೆಮೊರಿಯಲ್ಲಿ ಆ ಅಂಕೆಯಿರುವ ನೂರಾರು ಜಾಗಗಳು, ಅಂದರೆ ವಿಳಾಸಗಳು, ಸಿಗುತ್ತವೆ, ಒಂದು ಔಷಧಿ ಕೊಂಡು 450 ಹುಡುಕಿದರೆ ಒಂದೂ ಉಳಿಯುವುದಿಲ್ಲ. ದಶಮಾಂಶದ ಅಂಕೆಯಾಗಿ ಇಟ್ಟಿರಬಹುದೆಂದು ಫ್ಲೋಟ್ ನೋಡಿದೆ, ಡಬಲ್ ನೋಡಿದೆ, ರಾತ್ರಿ ಒಂದು ಗಂಟೆಯಾಯಿತು. ಕೊನೆಗೆ ಮೊದಲ ಅಂಕೆ ಗೊತ್ತಿಲ್ಲ ಎಂದು ಆರಂಭಿಸಿ, ಔಷಧಿ ಕೊಂಡಾಗಲೆಲ್ಲ ಇಳಿದದ್ದು, ಮಾರಿದಾಗಲೆಲ್ಲ ಏರಿದ್ದು ಎಂದು ಸೋಸುತ್ತ ಹೋದಾಗ ಹನ್ನೆರಡು ವಿಳಾಸಗಳು ಉಳಿದವು. ಅವುಗಳಲ್ಲೊಂದು ಪ್ರತಿ ಖರೀದಿಗೆ 50ರ ಬದಲು ಸರಿಯಾಗಿ 100 ಇಳಿಯುತ್ತಿತ್ತು. 500 ಇದ್ದಾಗ ಅದು 1001, 450 ಆದಾಗ 901. ಆ ಆವೃತ್ತಿಗಳ ಹಿಂದಿರುವ ರೂಬಿ ಭಾಷೆ ಪೂರ್ಣಾಂಕವನ್ನು ಎರಡರಿಂದ ಗುಣಿಸಿ ಒಂದು ಸೇರಿಸಿ ಇಡುತ್ತದೆ. ಅಂದಿನಿಂದ ಇಂಥ ಆಟ ಕಂಡರೆ ಕಣ್ಣಿಗೆ ಕಾಣುವ ಅಂಕೆಯನ್ನು ನಾನು ಹುಡುಕುವುದೇ ಇಲ್ಲ. ಹಿಂದೆ ಸೈಬರ್ ಕೆಫೆಯಲ್ಲಿ ಕೆಲಸಕ್ಕಿದ್ದಾಗ ಬ್ರೌಸರಿನ ಫ್ಲ್ಯಾಶ್ ಆಟಗಳಿಗೆ ಎಂಟರಿಂದ ಗುಣಿಸಿ ಹುಡುಕುತ್ತಿದ್ದೆವು. ಆ ನೆನಪು ಅಂದು ರಾತ್ರಿ ಎರಡು ತಾಸು ಮೊದಲೇ ಬಂದಿದ್ದರೆ ನಿದ್ರೆ ಉಳಿಯುತ್ತಿತ್ತು.

ಅತಿಯಾಸೆಯಿಂದಲೂ ಒಂದು ಪಾಠ ಕಲಿತೆ. ಒಂದು ನಗರ ಕಟ್ಟುವ ಆಟದಲ್ಲಿ ಖಜಾನೆಗೆ 300 ಕೋಟಿ ಬರೆದೆ. ಮರುಕ್ಷಣ ನಗರ ದಿವಾಳಿಯಾಗಿ, ಸಾಲ 129 ಕೋಟಿ 49 ಲಕ್ಷ ಚಿಲ್ಲರೆ ಎಂದು ಕೆಂಪಕ್ಷರದಲ್ಲಿ ಬಂತು. ನಾಲ್ಕು ಬೈಟಿನ ಪೂರ್ಣಾಂಕ 214 ಕೋಟಿ 74 ಲಕ್ಷದ ಆಚೆ ಋಣಕ್ಕೆ ತಿರುಗುತ್ತದೆಂಬುದು ಓದಿ ಗೊತ್ತಿತ್ತು, ಕೈ ಮಾತ್ರ ತಡೆಯಲಿಲ್ಲ. ಆಟ ಆಗಲೇ ತಾನಾಗಿ ಸೇವ್ ಮಾಡಿಕೊಂಡಿತ್ತು. ನಾನು ಬ್ಯಾಕಪ್ ತಂದು ಇಟ್ಟೆ. ನೆಟ್ ಕೇಬಲ್ ಚುಚ್ಚಿ ಆಟ ತೆರೆದೊಡನೆ ಕ್ಲೌಡ್ ತನ್ನಲ್ಲಿದ್ದ ದಿವಾಳಿ ಪ್ರತಿಯನ್ನೇ ಮತ್ತೆ ಮೇಲೆ ಹಾಕಿತು. ಎರಡು ಬಾರಿ ಹೀಗಾದ ಮೇಲೆ ಎಲ್ಲ ಆಟಗಳಿಗೂ ಕ್ಲೌಡ್ ಸೇವ್ ಆಫ್ ಮಾಡಿ, ಆಟವನ್ನು ಪೂರ್ತಿ ಮುಚ್ಚಿದ ಮೇಲೆಯೇ ಸೇವ್ ಫೋಲ್ಡರನ್ನು ದಿನಾಂಕದ ಹೆಸರಿನಲ್ಲಿ ನಕಲಿಸುವ ರೂಢಿ ಮಾಡಿಕೊಂಡೆ. ಈಗ ಹಣ ಹಾಕುವಾಗ ಆಟದಲ್ಲಿ ಸಹಜವಾಗಿ ಸಿಗುವುದರ ಹತ್ತುಪಟ್ಟು ಮೀರುವುದಿಲ್ಲ. ಆಟದ ರುಚಿಯೂ ಅಷ್ಟರಲ್ಲೇ ಉಳಿಯುತ್ತದೆ.

ಬೇರೆಯವರು ಮಾಡಿಟ್ಟ ಚೀಟ್ ಟೇಬಲ್ (ಚೀಟ್ ಎಂಜಿನ್‌ಗೆಂದು ವಿಳಾಸಗಳನ್ನು ಬರೆದಿಟ್ಟ ಫೈಲ್) ಬಳಸಲೇಬೇಕಾದಾಗ ಮೊದಲು ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆಯುತ್ತೇನೆ, ಅದೂ ಎಕ್ಸ್‌ಎಂಎಲ್ ಫೈಲೇ. ಒಳಗೆ ಲುವಾ ಸ್ಕ್ರಿಪ್ಟ್ ಇದ್ದರೆ ಅದು ಹೊರಗಿನ ಫೈಲುಗಳನ್ನು ಓಡಿಸಬಲ್ಲದು. ಓಎಸ್ ಎಕ್ಸಿಕ್ಯೂಟ್, ಶೆಲ್ ಎಕ್ಸಿಕ್ಯೂಟ್ ಎಂಬ ಪದಗಳು ಕಂಡರೆ, ಅಥವಾ ಅರ್ಥವಾಗದ ಅಕ್ಷರಗಳ ದೊಡ್ಡ ಮುದ್ದೆ ಕಂಡರೆ, ಆ ಟೇಬಲ್ ಅಲ್ಲಿಗೇ ಮುಗಿಯಿತು. ಫೈಲುಗಳನ್ನು ಪರೀಕ್ಷಿಸುವ ವೈರಸ್‌ಟೋಟಲ್ ತಾಣದ ಎಪ್ಪತ್ತರಷ್ಟು ಆಂಟಿವೈರಸ್‌ಗಳಲ್ಲಿ ಹತ್ತು ಹದಿನೈದು ಕೂಗಿಕೊಳ್ಳುವುದು ಈ ಕಸುಬಿನಲ್ಲಿ ಸಾಮಾನ್ಯ. ನಾನು ಎಣಿಕೆಗಿಂತ ಅವು ಕೊಡುವ ಹೆಸರನ್ನು ನೋಡುತ್ತೇನೆ: ಹ್ಯಾಕ್‌ಟೂಲ್, ರಿಸ್ಕ್‌ವೇರ್ ಎಂದರೆ ಮುಂದೆ ಯೋಚಿಸುತ್ತೇನೆ, ಸ್ಟೀಲರ್ (ಮಾಹಿತಿ ಕದಿಯುವುದು) ಎಂದು ಒಂದೇ ಒಂದು ಹೇಳಿದರೂ ಅಳಿಸುತ್ತೇನೆ. ಆಂಟಿವೈರಸನ್ನು ಪೂರ್ತಿ ಆಫ್ ಮಾಡುವುದಿಲ್ಲ, ಒಂದು ಫೋಲ್ಡರಿಗಷ್ಟೇ ವಿನಾಯಿತಿ ಕೊಟ್ಟಿದ್ದೇನೆ.

ಆಟ ಮುಚ್ಚಿ ತೆರೆದಾಗಲೆಲ್ಲ ವಿಳಾಸ ಬದಲಾಗುವ ಕಾಟಕ್ಕೆ ಪಾಯಿಂಟರ್ ಸರಪಳಿ, ಅಂದರೆ ಬದಲಾಗದ ಒಂದು ಜಾಗದಿಂದ ಹೊರಟು ಈಗಿನ ವಿಳಾಸಕ್ಕೆ ಮುಟ್ಟಿಸುವ ದಾರಿ ಹಿಡಿಯಬೇಕು. ಸಾವಿರಾರು ಫಲಿತಾಂಶಗಳಲ್ಲಿ ಗಟ್ಟಿಯಾದದ್ದನ್ನು ಎರಡೇ ಮರುಆರಂಭದಲ್ಲಿ ಆರಿಸುವ ಒಂದು ಕ್ರಮ ನನ್ನಲ್ಲಿದೆ. ಅದನ್ನು ಮಾತ್ರ ಇಲ್ಲಿ ಬರೆಯಲಾರೆ. ಆ ಕೆಲಸಕ್ಕೆ ವಿದ್ಯಾನಗರದ ಕಾಲೇಜು ಹುಡುಗರು ಆಟಕ್ಕೆ ನೂರೈವತ್ತು ರೂಪಾಯಿ ಕೊಡುತ್ತಾರೆ, ಯಂತ್ರದ ಹದಿನಾಲ್ಕು ಸಾವಿರದಲ್ಲಿ ಅರ್ಧದಷ್ಟು ಹಾಗೆಯೇ ಮರಳಿ ಬಂದಿದೆ.

ನಡುವೆ ಆಟ ಓಡುವ ವೇಗವನ್ನೇ ಏರಿಳಿಸುವ ಸ್ಪೀಡ್‌ಹ್ಯಾಕ್‌ನಲ್ಲೂ ಕೆಲವು ವಾರ ಕಳೆದೆ. ಲಾರಿಯ ಆಟದ ಉದ್ದನೆಯ ಖಾಲಿ ಹೆದ್ದಾರಿಯಲ್ಲಿ ಮೂರು ಪಟ್ಟು ವೇಗ ಹಿಡಿತಕ್ಕೆ ಸಿಗುತ್ತದೆ. ಐದಕ್ಕೆ ಏರಿಸಿದಾಗ ಟ್ರೇಲರ್ ನೆಲ ಬಿಟ್ಟು ಎದ್ದು, ನಮ್ಮ ರಾಷ್ಟ್ರೀಯ ಹೆದ್ದಾರಿ 48ರ ಪಕ್ಕದಲ್ಲಿ ಆಗಾಗ ಕಾಣುವ ಲಾರಿಗಳಂತೆ ಮಗ್ಗುಲಾಯಿತು. ವೇಗ ಇಳಿಸುವುದರಲ್ಲಿ ಹೆಚ್ಚು ಲಾಭವಿದೆ. ಸ್ಟಾರ್‌ಡ್ಯೂನಲ್ಲಿ ಮೀನು ಹಿಡಿಯುವಾಗ 0.6 ಇಟ್ಟರೆ, ಹತ್ತಕ್ಕೆ ಎರಡು ಸಿಗುತ್ತಿದ್ದ ನನಗೆ ಏಳೆಂಟು ಸಿಗತೊಡಗಿದವು. ಮೆಮೊರಿಯ ಯಾವ ಅಂಕೆಯನ್ನೂ ಕೈಯಾರೆ ತಿದ್ದದೆ ಬಂದ ಮೀನುಗಳಾದ್ದರಿಂದ ಅವನ್ನು ನಾನೇ ಹಿಡಿದದ್ದೆಂದು ಲೆಕ್ಕ ಹಾಕುತ್ತೇನೆ, ಭಾವ ಒಪ್ಪುವುದಿಲ್ಲ.

ಸದ್ಯ ಒಂದೇ ಒಂದು ಆಟ ಬಗ್ಗಿಲ್ಲ. ಅದು ಸೇವ್ ಫೈಲಿನ ಕೊನೆಯಲ್ಲಿ ಚೆಕ್‌ಸಮ್, ಅಂದರೆ ಉಳಿದ ಬೈಟುಗಳಿಂದ ಲೆಕ್ಕ ಹಾಕಿದ ಒಂದು ತಾಳೆ ಅಂಕೆ ಇಡುತ್ತದೆ. ಒಂದು ಬೈಟ್ ಮುಟ್ಟಿದರೂ ಫೈಲ್ ಕೆಟ್ಟಿದೆ ಎಂದು ಹೊಸ ಆಟ ಆರಂಭಿಸುತ್ತದೆ. ಮೆಮೊರಿಯಲ್ಲಿ ತಿದ್ದಿದ ಹಣ ಮುಂದಿನ ಖರೀದಿಯವರೆಗೆ ಇದ್ದು ಮಾಯವಾಗುತ್ತದೆ, ಅಂದರೆ ನಿಜವಾದ ಅಂಕೆ ಬೇರೆಲ್ಲೋ ಇದೆ, ನಾನು ಹಿಡಿದದ್ದು ಪರದೆಗೆ ತೋರಿಸುವ ನಕಲನ್ನು. ಒಂದೊಂದು ರೂಪಾಯಿ ವ್ಯತ್ಯಾಸದ ಒಂಬತ್ತು ಸೇವ್ ಪ್ರತಿಗಳನ್ನು ಅಕ್ಕಪಕ್ಕ ಇಟ್ಟು ಹೋಲಿಸುತ್ತಿದ್ದೇನೆ. ಈವರೆಗೆ ಪ್ರತಿ ಸಲ ಬದಲಾಗುವ ಎಂಟು ಬೈಟುಗಳು ಸಿಕ್ಕಿವೆ, ಅವುಗಳಲ್ಲಿ ಕೊನೆಯ ನಾಲ್ಕು ಚೆಕ್‌ಸಮ್ ಇರಬೇಕು.