ಮಿಷನ್ ಮೇಲೆ ಕೈ ಇಟ್ಟ ಸಂಜೆ

ನಾವಿರುವುದು ದಾವಣಗೆರೆಯ ಮಂಡಕ್ಕಿ ಭಟ್ಟಿ ಕಡೆ. ಯಜಮಾನರದು ಭಟ್ಟಿ ಕೆಲಸ, ನನ್ನದು ಮನೆಯಲ್ಲೇ ಹೊಲಿಗೆ. 2024ರಲ್ಲಿ ಓಣಿಯ ಹತ್ತು ಜನ ಹೆಂಗಸರು ಸಂಘ ಮಾಡಿಕೊಂಡು ಮೈಕ್ರೋ ಫೈನಾನ್ಸ್ ಸಾಲ ತೆಗೆದೆವು. ನನ್ನ ಪಾಲು 60,000 ರೂಪಾಯಿ, ಎರಡು ವರ್ಷ, ತಿಂಗಳಿಗೆ 3,170 ಕಂತು. ಆ ದುಡ್ಡಲ್ಲಿ ಪವರ್ ಮಿಷನ್ ತಂದೆ. ಹತ್ತು ಕಂತು ಒಂದು ದಿನ ತಡ ಮಾಡದೆ ಕಟ್ಟಿದೆ. ಆಮೇಲೆ ಯಜಮಾನರ ಮುಂಗೈ ಮೇಲೆ ಭಟ್ಟಿಯ ಕಾದ ಮರಳು ಬಿತ್ತು. ಒಂದೂವರೆ ತಿಂಗಳು ಕೆಲಸವಿಲ್ಲ. 2025ರ ಮೇ, ಜೂನ್ ಎರಡು ಕಂತು ನಿಂತವು.

ವಸೂಲಿಗೆ ಬಂದ ಹುಡುಗ ಮೊದಲ ದಿನ ನನ್ನ ಹತ್ತಿರ ಹೆಚ್ಚು ಮಾತೇ ಆಡಲಿಲ್ಲ. ಉಳಿದ ಒಂಬತ್ತು ಜನರನ್ನು ಕರೆಸಿ ನಮ್ಮ ಜಗಲಿ ಮೇಲೆ ಕೂರಿಸಿದ. "ಇವರ ಕಂತು ಬರೋ ತನಕ ಯಾರೂ ಏಳಂಗಿಲ್ಲ" ಅಂದ. ರಾತ್ರಿ ಏಳೂವರೆ. ಒಬ್ಬಳ ಮಗು ಹಸಿದು ಅಳುತ್ತಿತ್ತು. ಎದುರುಮನೆ ಅಕ್ಕ ನನ್ನ ಮುಖ ನೋಡದೆ, "ಎಲ್ಲಾದ್ರೂ ತಂದು ಕಟ್ಟವ್ವ, ನಮ್ಮನ್ಯಾಕೆ ಬೀದಿಗೆ ಕೂರಿಸ್ತಿ" ಅಂದಳು. ಆ ಹುಡುಗನ ಬೈಗುಳ ನನಗೆ ಈಗ ಅಷ್ಟಾಗಿ ನೆನಪಿಲ್ಲ, ಅಕ್ಕನ ಈ ಮಾತು ಮಾತ್ರ ಹೋಗಿಲ್ಲ. ಈ ವಸೂಲಿಯ ಅತಿ ಕೆಟ್ಟ ಭಾಗ ಇದೇ ಅಂತ ನಾನು ಅನುಭವಿಸಿ ಹೇಳುತ್ತೇನೆ. ಉಪ್ಪು ಸಕ್ಕರೆ ಸಾಲ ಕೊಟ್ಟುಕೊಂಡಿದ್ದ ಮನೆಯವರನ್ನೇ ನಮ್ಮ ಮೇಲೆ ಛೂ ಬಿಡುತ್ತಾರೆ. ಅವತ್ತು ಎಲ್ಲರೂ ಸೇರಿಸಿ ಒಂದಿಷ್ಟು ಕೊಟ್ಟು ಎದ್ದರು. ಅಕ್ಕ 700 ಹಾಕಿದಳು.

ಮುಂದಿನ ವಾರ ಇಬ್ಬರು ಬಂದರು. ಒಬ್ಬ ಒಳಗೇ ಬಂದು ಮಿಷನ್ ಮೇಲೆ ಕೈ ಇಟ್ಟು, "ಇದನ್ನ ಗಾಡಿಗೆ ಹಾಕೋಣ" ಅಂದ. ಸೂಜಿಯ ಕೆಳಗೆ ಯಾರದೋ ಮಗುವಿನ ಯೂನಿಫಾರಂ ಅರ್ಧ ಹೊಲಿದು ನಿಂತಿತ್ತು. ಮಗಳು ನನ್ನ ಫೋನಿನಿಂದ 112ಕ್ಕೆ ಕರೆ ಮಾಡಿದಳು. ಪೊಲೀಸ್ ಗಾಡಿ ಬರುವಷ್ಟರಲ್ಲಿ ಇಬ್ಬರೂ ಜಾಗ ಖಾಲಿ ಮಾಡಿದ್ದರು.

ಆ ರಾತ್ರಿ ಅಕ್ಕಿ ಡಬ್ಬಿಯ ಅಡಿಯಿಂದ ಲೋನ್ ಕಾರ್ಡ್ ತೆಗೆದು ಮಗಳ ಕೈಲಿ ಓದಿಸಿದೆ. ಸಾಲ ತೆಗೆದ ದಿನದಿಂದ ಅದನ್ನು ಹಿಂದೆ ತಿರುಗಿಸಿ ನೋಡಿರಲಿಲ್ಲ. ದೂರು ಕೇಳುವ ಅಧಿಕಾರಿಯ ಹೆಸರು, ಫೋನ್ ನಂಬರ್ ಅಲ್ಲೇ ಇತ್ತು. ಕಾರ್ಡು ನಮಗೆ ತಿಳಿಯುವ ಭಾಷೆಯಲ್ಲಿರಬೇಕು, ಕಟ್ಟಿದ ಪ್ರತಿ ಕಂತಿಗೂ ಅದರಲ್ಲಿ ಸಹಿ ಬೀಳಬೇಕು ಅನ್ನುವುದು ರಿಸರ್ವ್ ಬ್ಯಾಂಕಿನ ನಿಯಮ. ಜಗಲಿ ಮೇಲೆ ಕೊಟ್ಟ ದುಡ್ಡಿಗೆ ಸಹಿಯೇ ಇರಲಿಲ್ಲ.

ಮರುದಿನ ಕೋರ್ಟ್ ಆವರಣದ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋದೆ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಅಲ್ಲಿ ವಕೀಲರ ನೆರವು ಉಚಿತ. 15100ಕ್ಕೆ ಫೋನ್ ಮಾಡಿದರೂ ಆಗುತ್ತದೆ. ಅಲ್ಲಿದ್ದ ವಕೀಲೆ ಮೊದಲು ಕೇಳಿದ್ದು, "ಕಂಪನಿ ಆರ್‌ಬಿಐ ನೋಂದಣಿ ಆಗಿದೆಯಾ?" ನೋಂದಣಿ ಇಲ್ಲದೆ ಬಡ್ಡಿ ವ್ಯವಹಾರ ಮಾಡುವವರಿಗೆ 2025ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರ ತಂದ ಸುಗ್ರೀವಾಜ್ಞೆ ಇದೆ, ಹತ್ತು ವರ್ಷದವರೆಗೆ ಜೈಲು, ಐದು ಲಕ್ಷದವರೆಗೆ ದಂಡ, ಅದೇ ಮುಂದೆ ಕಾಯ್ದೆಯೂ ಆಯಿತು. ನಮ್ಮದು ನೋಂದಣಿ ಆದ ಕಂಪನಿ. ಹಾಗಾಗಿ ಹಿಡಿಯಬೇಕಾಗಿದ್ದದ್ದು ಆಗ ಜಾರಿಯಲ್ಲಿದ್ದ ರಿಸರ್ವ್ ಬ್ಯಾಂಕಿನ 2022ರ ನಿಯಮ. ಅದರಲ್ಲಿ ಬೆಳಿಗ್ಗೆ ಒಂಬತ್ತಕ್ಕೆ ಮೊದಲು, ಸಂಜೆ ಆರರ ನಂತರ ಫೋನ್ ಮಾಡಿ ಕಾಡುವಂತಿಲ್ಲ. ಬೈಯುವಂತಿಲ್ಲ, ನೆಂಟರನ್ನು ಸ್ನೇಹಿತರನ್ನು ಕಾಡುವಂತಿಲ್ಲ. ಇದು ಅಡಮಾನವಿಲ್ಲದ ಸಾಲ, ಮಿಷನ್ ಮುಟ್ಟುವ ಹಕ್ಕು ಅವರಿಗಿಲ್ಲ. ಬಾಕಿಗೆ ದಂಡ ಹಾಕಿದರೂ ನಿಂತ ಕಂತಿನ ಮೊತ್ತದ ಮೇಲೆ ಮಾತ್ರ, ಪೂರ್ತಿ ಸಾಲದ ಮೇಲಲ್ಲ.

ಒಂದು ವಿಷಯ ವಕೀಲೆ ಮುಚ್ಚಿಡದೆ ಹೇಳಿದರು. ವಸೂಲಿ ನಡೆಯಬೇಕಾದದ್ದು ಇಬ್ಬರೂ ಒಪ್ಪಿದ ಜಾಗದಲ್ಲಿ. ಸತತವಾಗಿ ಎರಡು ಸಲ ಅಲ್ಲಿಗೆ ಹೋಗದಿದ್ದರೆ ಅವರು ಮನೆಗೆ ಬರಬಹುದು. ನಾನು ನಾಚಿಕೆಗೆ ಕಂತು ಕಟ್ಟುವ ಎರಡೂ ಮೀಟಿಂಗಿಗೆ ಹೋಗಿರಲಿಲ್ಲ. ದುಡ್ಡಿಲ್ಲದಿದ್ದರೂ ಹೋಗಿ ಕೂರಬೇಕಿತ್ತು.

ಮಗಳ ಹಳೇ ನೋಟ್‌ಬುಕ್ಕಿನಲ್ಲಿ ಯಾವ ದಿನ, ಎಷ್ಟು ಹೊತ್ತಿಗೆ, ಯಾರು ಬಂದರು, ಏನಂದರು, ಯಾರ ಎದುರಿಗೆ ಅಂತ ಒಂದೊಂದೇ ಬರೆದೆ. ಫೋನ್ ಕರೆಗಳ ಪಟ್ಟಿಯನ್ನು ಸ್ಕ್ರೀನ್‌ಶಾಟ್ ತೆಗೆದೆವು. ಅದೆಲ್ಲ ಸೇರಿಸಿ ಕಂಪನಿಗೆ ಕನ್ನಡದಲ್ಲೇ ಪತ್ರ: ಸಾಲ ತೀರಿಸುತ್ತೇನೆ, ಗಂಡನ ಆಸ್ಪತ್ರೆ ಚೀಟಿ ಇಟ್ಟಿದ್ದೇನೆ, ಎರಡು ಕಂತಿಗೆ ಕಾಲಾವಕಾಶ ಬೇಕು, ರಸೀದಿ ಇಲ್ಲದೆ ಪಡೆದ ಹಣ ಜಮಾ ಮಾಡಿ, 30 ದಿನದಲ್ಲಿ ಉತ್ತರ ಬಾರದಿದ್ದರೆ ಗ್ರಾಹಕರ ದೂರು ವಿಚಾರಿಸುವ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ದೂರು ಕೊಡುತ್ತೇನೆ. ಆ ದೂರಿಗೆ ಫೀಸಿಲ್ಲ, ಕೇಳಿ ತಿಳಿಯಲು 14448 ಇದೆ. ಪತ್ರವನ್ನು ರಿಜಿಸ್ಟರ್ ಪೋಸ್ಟ್ ಮಾಡಿ, ಅವರಿಗೆ ತಲುಪಿದ ಚೀಟಿ ವಾಪಸ್ ಬಂದ ಮೇಲೆ ಕಾರ್ಡಿನ ಜೊತೆ ಪಿನ್ ಹಾಕಿಟ್ಟೆ. ಠಾಣೆಯಲ್ಲೂ ಬೆದರಿಕೆಯ ದೂರು ಬರೆದುಕೊಟ್ಟು ಸ್ವೀಕೃತಿ ಪಡೆದೆ. ಭಾರತೀಯ ನ್ಯಾಯ ಸಂಹಿತೆಯ 351ನೇ ಕಲಂನಲ್ಲಿ ಬೆದರಿಕೆ ಅಪರಾಧ, ಸಾಲ ಕೊಟ್ಟವರು ಹಾಕಿದರೂ ಅಷ್ಟೇ.

ಮೂರನೇ ವಾರ ಬೇರೆ ಅಧಿಕಾರಿ ಬಂದರು, ಮಧ್ಯಾಹ್ನ ಹನ್ನೆರಡಕ್ಕೆ, ಬಾಗಿಲ ಹೊರಗೆ ನಿಂತು ಕೂಗಿದರು. ಬಾಕಿಯನ್ನು ಕೊನೆಯ ಕಂತುಗಳಿಗೆ ಸೇರಿಸಿಕೊಟ್ಟರು, ಜಗಲಿಯ ದುಡ್ಡನ್ನೂ ಜಮಾ ಮಾಡಿ ಕಾರ್ಡಿಗೆ ಸಹಿ ಹಾಕಿದರು. ಬಡ್ಡಿ ಬಿಡಲಿಲ್ಲ. ಕ್ರೆಡಿಟ್ ದಾಖಲೆಯಲ್ಲಿ ಬಾಕಿ ಬಿದ್ದದ್ದೂ ಅಳಿಸಲಿಲ್ಲ. ನಾನೂ ಕೇಳಲಿಲ್ಲ, ತೆಗೆದ ಸಾಲ ನನ್ನದೇ.

ಶ್ರಾವಣದಲ್ಲಿ ಬ್ಲೌಸಿನ ಹೊಲಿಗೆ ಜಾಸ್ತಿ ಬಂತು. ಮೊದಲು ಕೈಗೆ ಬಂದದ್ದರಲ್ಲಿ ಅಕ್ಕನ 700 ಎಣಿಸಿಕೊಂಡು ಎದುರುಮನೆಗೆ ಹೋದೆ. ಅವಳು ದುಡ್ಡು ತಗೊಂಡಳು, ಎಣಿಸಲಿಲ್ಲ. ಒಳಗೆ ಹೋಗಿ ತನ್ನ ಲೋನ್ ಕಾರ್ಡ್ ತಂದು ನನ್ನ ಮುಂದೆ ಹಿಡಿದು, "ನನ್ನದ್ರಲ್ಲಿ ಎಷ್ಟು ಕಡೆ ಸಹಿ ಇಲ್ಲ ನೋಡವ್ವ" ಅಂದಳು. ಹೊಸ್ತಿಲ ಮೇಲೆ ಕೂತು ಇಬ್ಬರೂ ಎಣಿಸಿದೆವು. ನಾಲ್ಕು ಕಡೆ ಖಾಲಿ ಇತ್ತು.